ಮೇಲಿನ ಡಿವಿಷನ್ನಿನ ಮೊದಲ ವರ್ಷ

ಬಂಗಾರಪೇಟೆಯಿಂದ ತಾಯಿಯೊಬ್ಬರು ಪತ್ರ ಬರೆದಿದ್ದಾರೆ. ನೋಟ್ ಪುಸ್ತಕದಿಂದ ಹರಿದ ಹಾಳೆಯಲ್ಲಿ ನಾಲ್ಕು ಪುಟ. ಮಗಳು ಕನ್ನಡ ಮಾಧ್ಯಮದಲ್ಲಿ ಓದಿ ಎಸ್ಸೆಸ್ಸೆಲ್ಸಿಯಲ್ಲಿ ಶಾಲೆಗೇ ಮೊದಲು ಬಂದವಳು. ಸಂಘದವರು ಕರೆದು ಶಾಲು ಹೊದಿಸಿದ್ದರು. ಈಗ ಬೆಂಗಳೂರಿನ ಕಾಲೇಜೊಂದರಲ್ಲಿ ಪಿಯುಸಿ ವಿಜ್ಞಾನ. ಕತ್ತಲಿರುವಾಗಲೇ ಎದ್ದು ರೈಲು ಹಿಡಿಯುತ್ತಾಳೆ, ಕತ್ತಲಾದ ಮೇಲೆ ಇಳಿಯುತ್ತಾಳೆ. ಮೊದಲ ಕಿರುಪರೀಕ್ಷೆಯ ಅಂಕ ಬಂದಿದೆ. ಭೌತಶಾಸ್ತ್ರದಲ್ಲಿ 50ಕ್ಕೆ 13.

“ಅವಳು ಮಾತೇ ಆಡುತ್ತಿಲ್ಲ. ವಾಪಸ್ ಕರೆಸಿ ಇಲ್ಲೇ ಎಲ್ಲಾದರೂ ಸೇರಿಸಿಬಿಡೋಣ, ಮರ್ಯಾದೆಯಾದರೂ ಉಳಿಯುತ್ತೆ ಅಂತಾರೆ ನಮ್ಮ ಯಜಮಾನರು. ನೀವೇನು ಹೇಳುತ್ತೀರಿ?” ಎಂದು ಪತ್ರ ಮುಗಿಯುತ್ತದೆ.

ಈ ಪತ್ರ ನನಗೆ ಹೊಸದಲ್ಲ. ಪ್ರತಿ ವರ್ಷ ಮಳೆಗಾಲದ ಕೊನೆಯಲ್ಲಿ ಬೇರೆ ಬೇರೆ ಕೈಬರಹದಲ್ಲಿ ಬರುತ್ತದೆ. ಕೆಜಿಎಫ್, ಬಂಗಾರಪೇಟೆಯ ಕಡೆಯಿಂದಂತೂ ತಪ್ಪದೆ ಬರುತ್ತದೆ. ಅದಕ್ಕೆ ಕಾರಣವೂ ಇದೆ. 2001ರ ಫೆಬ್ರವರಿ 28ರಂದು ಚಿನ್ನದ ಗಣಿ ಮುಚ್ಚಿತು. ಅಲ್ಲಿಂದೀಚೆಗೆ ಎಷ್ಟೋ ಮನೆಗಳಿಗೆ ದುಡಿಮೆಗೂ ಓದಿಗೂ ಬೆಂಗಳೂರೇ ಗತಿ ಎಂಬಂತಾಗಿದೆ. ಬಂಗಾರಪೇಟೆಯಿಂದ ಮಾರಿಕುಪ್ಪಂವರೆಗಿನ ಹಳಿಯನ್ನು 1894ರಲ್ಲಿ ಹಾಕಿದ್ದು ಗಣಿಗಾಗಿ. ಇಂದು ಅದೇ ಹಳಿಯ ಮೇಲೆ ಚಾಂಪಿಯನ್, ಉರಿಗಾಂ, ಕೋರಮಂಡಲ್ ನಿಲ್ದಾಣಗಳಲ್ಲಿ ಹತ್ತಿದ ಮಕ್ಕಳು, ಬುತ್ತಿ ಚೀಲ ತೊಡೆಯ ಮೇಲಿಟ್ಟುಕೊಂಡು ತೂಕಡಿಸುತ್ತಾ ಟೇಕಲ್, ಮಾಲೂರು ದಾಟುತ್ತಾರೆ.

ತಾಯಿ, ನಿಮ್ಮ ಪ್ರಶ್ನೆಗೆ ಕೊನೆಯಲ್ಲಿ ಉತ್ತರ ಕೊಡುತ್ತೇನೆ. ಅದಕ್ಕೆ ಮೊದಲು ಒಂದು ಕಾಲೇಜು ಫುಟ್‌ಬಾಲ್ ತಂಡದ ಕತೆ ಕೇಳಿ. ಕಷ್ಟ ಹೇಳಿಕೊಂಡರೆ ಈತ ಚೆಂಡಾಟದ ಮಾತಾಡುತ್ತಾನಲ್ಲ ಎಂದು ಬೇಸರಪಡಬೇಡಿ. ನಿಮ್ಮ ಮಗಳಿಗೆ ಆಗಿರುವುದೂ ಆ ತಂಡಕ್ಕೆ ಆದದ್ದೂ ಒಂದೇ. ಇಬ್ಬರೂ ಮೇಲಿನ ಡಿವಿಷನ್ನಿಗೆ ಹೋದವರು.

ಡಿವಿಷನ್ ಎಂದರೇನೆಂದು ಕೆಜಿಎಫ್ ಕಡೆಯವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಬ್ರಿಟಿಷರ ಗಣಿಯ ಜೊತೆಗೇ ಆಟಗಳೂ ಬೆಳೆದ ಊರು ಅದು. ಕೋಲಾರದಲ್ಲಿ ಹುಟ್ಟಿ, ಬೆಂಗಳೂರಿಗೆ ಹೋಗಿ, 1964ರಲ್ಲಿ ಟೋಕಿಯೊ ಒಲಿಂಪಿಕ್ಸ್‌ನಲ್ಲಿ ಓಡಿ, 1965ರಲ್ಲಿ ಅರ್ಜುನ ಪ್ರಶಸ್ತಿ ಪಡೆದ ಕೆನೆತ್ ಪೊವೆಲ್ ಅವರನ್ನು ಹಿರಿಯರು ಮರೆತಿರಲಾರರು. ಫುಟ್‌ಬಾಲ್ ವಿಷಯಕ್ಕೆ ಬಂದರೆ, ಬೆಂಗಳೂರು ಲೀಗ್‌ನಲ್ಲಿ ‘ಸಿ’ ಡಿವಿಷನ್, ‘ಬಿ’ ಡಿವಿಷನ್, ‘ಎ’ ಡಿವಿಷನ್, ಅದರ ಮೇಲೆ ಸೂಪರ್ ಡಿವಿಷನ್ ಎಂದು ಮೆಟ್ಟಿಲುಗಳಿವೆ. ಗೆದ್ದವರು ಹತ್ತುತ್ತಾರೆ, ಸೋತವರು ಇಳಿಯುತ್ತಾರೆ.

ಹತ್ತಿದವರ ಗತಿ ಏನಾಗುತ್ತದೆ? ನಮ್ಮ ರಾಜ್ಯದ್ದೇ ಎರಡು ಉದಾಹರಣೆ ನೋಡಿ. ಬೆಂಗಳೂರಿನ ಎಚ್‌ಎಎಲ್ ತಂಡ 2010ರಲ್ಲಿ ದೇಶದ ಎರಡನೇ ದರ್ಜೆಯಿಂದ ಐ-ಲೀಗ್‌ಗೆ ಏರಿತು. ಒಂದು ವರ್ಷ ಹೇಗೋ ನಿಂತಿತು, 2012ರಲ್ಲಿ ಕೆಳಗಿಳಿಯಿತು. ಎಸ್‌ಸಿ ಬೆಂಗಳೂರು ತಂಡ 2024ರಲ್ಲಿ ಐ-ಲೀಗ್ 2 ಗೆದ್ದು ಮೇಲಕ್ಕೆ ಹೋಯಿತು, ಮುಂದಿನ ಋತುವಿನಲ್ಲೇ ಇಳಿಯಿತು. ಬೆಂಗಳೂರು ಎಫ್‌ಸಿ 2013ರಲ್ಲಿ ಹುಟ್ಟಿ ಮೊದಲ ವರ್ಷವೇ ಐ-ಲೀಗ್ ಗೆದ್ದಿತಲ್ಲ ಎಂದು ನೀವು ಕೇಳಬಹುದು. ಅದು ಮೆಟ್ಟಿಲು ಹತ್ತಿ ಬಂದ ತಂಡವಲ್ಲ, ನೇರವಾಗಿ ಮಹಡಿಯಲ್ಲೇ ಹುಟ್ಟಿದ್ದು. ನಮ್ಮ ಮಕ್ಕಳಲ್ಲಿ ಹೆಚ್ಚಿನವರು ಮೆಟ್ಟಿಲು ಹತ್ತುವವರು.

ನಾನು ಹೇಳಹೊರಟಿರುವ ತಂಡ ಇರುವುದು ಅಮೆರಿಕದಲ್ಲಿ, ನಾರ್ತ್ ಕ್ಯಾರೊಲಿನಾ ರಾಜ್ಯದ ಬೂನ್ ಎಂಬ ಬೆಟ್ಟದ ಊರಿನಲ್ಲಿ. ಅಲ್ಲಿನ ಅಪಲಾಚಿಯನ್ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ ನನ್ನ ತಂಗಿಯ ಮಗ 2013ರಿಂದ ಎರಡು ವರ್ಷ ಎಂ.ಎಸ್. ಓದಿದ. ಅವನಿಂದಾಗಿ ಈ ತಂಡದ ಬೆನ್ನುಹತ್ತುವ ಚಟ ನನಗೂ ಅಂಟಿತು.

ಅವರು ಫುಟ್‌ಬಾಲ್ ಎನ್ನುವುದು ನಮ್ಮ ಫುಟ್‌ಬಾಲ್ ಅಲ್ಲ. ಚೆಂಡು ಮೊಟ್ಟೆಯಾಕಾರದ್ದು, ಕೈಯಲ್ಲೇ ಹಿಡಿದು ಓಡುತ್ತಾರೆ, ಎಸೆಯುತ್ತಾರೆ, ಒಬ್ಬರ ಮೇಲೊಬ್ಬರು ಬೀಳುತ್ತಾರೆ. ನಾಲ್ಕು ಅವಕಾಶದಲ್ಲಿ ಹತ್ತು ಗಜ ಮುಂದೆ ಹೋಗಬೇಕು, ಆಗದಿದ್ದರೆ ಚೆಂಡು ಎದುರಾಳಿಗೆ. ಅಲ್ಲಿ ಶನಿವಾರ ಮಧ್ಯಾಹ್ನದ ಆಟ ಮುಗಿಯುವಾಗ ಇಲ್ಲಿ ಭಾನುವಾರದ ನಸುಕು. ಹಾಲು ತರಲು ಹೊರಡುವ ಹೊತ್ತಿಗೆ ಫೋನಿನಲ್ಲಿ ಅವನ ಸಂದೇಶ ಬಂದಿರುತ್ತಿತ್ತು.

ಬೂನ್ ಕಾಲೇಜಿನ ಹಿನ್ನೆಲೆ ನಮ್ಮವರಿಗೆ ಹಿಡಿಸುವಂಥದ್ದು. 1899ರಲ್ಲಿ ಇಬ್ಬರು ಅಣ್ಣತಮ್ಮಂದಿರು, ಬೆಟ್ಟದ ಮಕ್ಕಳಿಗೆ ಪಾಠ ಹೇಳುವ ಮೇಷ್ಟರುಗಳನ್ನು ತಯಾರು ಮಾಡಲೆಂದು ತೆರೆದ ಶಾಲೆ ಅದು. ಬೆಳೆದು ಬೆಳೆದು 1967ರಲ್ಲಿ ವಿಶ್ವವಿದ್ಯಾಲಯವಾಯಿತು. ಅಮೆರಿಕದ ಕಾಲೇಜು ಫುಟ್‌ಬಾಲ್‌ನ ಮೊದಲ ದರ್ಜೆಯಲ್ಲೇ ಎರಡು ಪಂಕ್ತಿಗಳಿವೆ. ಕೆಳಗಿನ ಪಂಕ್ತಿಯಲ್ಲಿ ಈ ತಂಡ 2005, 2006, 2007ರಲ್ಲಿ ಸತತ ಮೂರು ಸಲ ರಾಷ್ಟ್ರೀಯ ಚಾಂಪಿಯನ್ ಆಯಿತು. 2007ರ ಸೆಪ್ಟೆಂಬರ್ 1ರಂದು ಮೇಲಿನ ಪಂಕ್ತಿಯ ಘಟಾನುಘಟಿ ಮಿಷಿಗನ್ ತಂಡವನ್ನು, ಲಕ್ಷಕ್ಕೂ ಹೆಚ್ಚು ಜನ ಹಿಡಿಸುವ ಅವರದೇ ಕ್ರೀಡಾಂಗಣದಲ್ಲಿ, 34–32ರಿಂದ ಸೋಲಿಸಿತು. ದೇಶವೇ ಬೆರಗಾಯಿತು. ನಮ್ಮ ಲೆಕ್ಕದಲ್ಲಿ ಹೇಳುವುದಾದರೆ ಶಾಲೆಗೇ ಮೊದಲು, ಸಾಲದ್ದಕ್ಕೆ ಜಿಲ್ಲೆಗೂ ಮೊದಲು.

ಅಲ್ಲಿ ಬರೀ ಗೆದ್ದರೆ ಮೇಲೆ ಹೋಗಲಾಗುವುದಿಲ್ಲ. ಕಾಲೇಜೇ ತೀರ್ಮಾನ ಮಾಡಬೇಕು, ಮೇಲಿನ ಪಂಕ್ತಿಯ ಒಂದು ಒಕ್ಕೂಟ ಬಾ ಎಂದು ಕರೆಯಬೇಕು. 2013ರಲ್ಲಿ ಸನ್ ಬೆಲ್ಟ್ ಎಂಬ ಒಕ್ಕೂಟ ಕರೆಯಿತು. ಬೂನ್ ಒಪ್ಪಿತು. ಬದಲಾವಣೆಗೆಂದು ಎರಡು ವರ್ಷ ಗೊತ್ತುಮಾಡಿದ್ದರು. ಆ ಎರಡು ವರ್ಷ ಎಷ್ಟು ಪಂದ್ಯ ಗೆದ್ದರೂ ಋತುವಿನ ಕೊನೆಯ ಗೌರವದ ಪಂದ್ಯಗಳಿಗೆ ಪ್ರವೇಶವಿಲ್ಲ. ಅಂದರೆ, ಕಷ್ಟಪಡು, ಬಹುಮಾನ ಕೇಳಬೇಡ ಎಂಬ ನಿಯಮ.

ಅಂಥ ಮೊದಲ ವರ್ಷವೇ, ಇನ್ನೂ ಹಳೆಯ ಪಂಕ್ತಿಯಲ್ಲೇ ಆಡುತ್ತಾ, ತಂಡ 4 ಗೆದ್ದು 8 ಸೋತಿತು. ನನ್ನ ತಂಗಿಯ ಮಗ ಆಗಷ್ಟೇ ಆ ಊರಿಗೆ ಕಾಲಿಟ್ಟಿದ್ದ. 2014ರಲ್ಲಿ ನಿಜವಾಗಿ ಮೇಲಿನ ಪಂಕ್ತಿಗೆ ಬಂದರು. ಮೊದಲ ಆಟ ಅದೇ ಮಿಷಿಗನ್ ಮೇಲೆ, ಅದೇ ಕ್ರೀಡಾಂಗಣದಲ್ಲಿ. ಈ ಸಲ 52–14ರಿಂದ ಸೋಲು. ಆಮೇಲೆ ಒಂದು ಗೆಲುವು. ಮತ್ತೆ ಒಂದೇ ಅಂಕದಿಂದ ಒಂದು ಸೋಲು. ಮತ್ತೆರಡು ಸೋಲು. ಅಕ್ಟೋಬರ್‌ನಲ್ಲಿ ಸ್ವಂತ ಮೈದಾನದಲ್ಲಿ ಲಿಬರ್ಟಿ ಎಂಬ ತಂಡದ ಎದುರು, ಹೆಚ್ಚುವರಿ ಆಟದವರೆಗೂ ಎಳೆದು, 55–48ರಿಂದ ಸೋತರು. ಆ ಲಿಬರ್ಟಿ ಆಗ ಕೆಳಗಿನ ಪಂಕ್ತಿಯ ತಂಡ! ಬಿಟ್ಟುಬಂದ ಊರಿನವರೇ ಬಂದು ಕಪಾಳಕ್ಕೆ ಹೊಡೆದಂತಾಯಿತು. ಆರು ಪಂದ್ಯದಲ್ಲಿ ಒಂದು ಗೆಲುವು, ಐದು ಸೋಲು.

ಆ ಭಾನುವಾರ ಬೆಳಿಗ್ಗೆ ನಾನೇ ಅವನಿಗೆ ಫೋನ್ ಮಾಡಿದೆ.

“ಏನಪ್ಪಾ, ನಿಮ್ಮ ಕಾಲೇಜಿನವರು ಸುಮ್ಮನೆ ಕೆಳಗೇ ಇದ್ದಿದ್ದರೆ ಚೆನ್ನಾಗಿತ್ತಲ್ಲವೇ?”

ಅವನು ನಕ್ಕ. “ಮಾವ, ಇದು ಮೊದಲ ಟೆಸ್ಟು. ನನಗೂ 11 ಬಂದಿತ್ತಲ್ಲ, ಮರೆತುಬಿಟ್ರಾ?”

ನಾನು ಮರೆತಿರಲಿಲ್ಲ. 2006ರಲ್ಲಿ ಅವನೂ ಬಂಗಾರಪೇಟೆಯಿಂದ ದಿನಾ ರೈಲಿನಲ್ಲಿ ಬೆಂಗಳೂರಿಗೆ ಹೋಗಿ ಪಿಯುಸಿ ಓದುತ್ತಿದ್ದ. ಅವನೂ ಕನ್ನಡ ಮಾಧ್ಯಮದವನು, ಅವನೂ ಶಾಲೆಗೇ ಮೊದಲು ಬಂದವನು. ಮೊದಲ ಟೆಸ್ಟಿನಲ್ಲಿ ಭೌತಶಾಸ್ತ್ರಕ್ಕೆ 50ಕ್ಕೆ 11. ನನ್ನ ಭಾವ ಅಂಕಪಟ್ಟಿಯನ್ನು ತಂದು ನನ್ನ ಮುಂದೆ ಹಾಕಿದರು. ಓದಿದವನು, ಪತ್ರಿಕೆಗೆ ಬರೆಯುವವನು, ಬುದ್ಧಿ ಹೇಳಲಿ ಎಂದು. ನಾನು ಹೇಳಿದ ಬುದ್ಧಿ ಏನು ಗೊತ್ತೇ? “ಹಾಳೂರಿಗೆ ಉಳಿದವನೇ ಗೌಡ ಅಂತಾರಲ್ಲ, ನೀನು ಅಲ್ಲಿ ಅಂಥ ಗೌಡನಾಗಿದ್ದೆ. ಪಕ್ಕದ ಮನೆ ಹುಡುಗನನ್ನು ನೋಡು, ಅವನೂ ಅದೇ ರೈಲಿನಲ್ಲೇ ಹೋಗ್ತಾನೆ, 41 ತಗೊಂಡಿದಾನೆ.”

ಹುಡುಗ ತಲೆ ಎತ್ತಲಿಲ್ಲ. ಅವನ ಅಮ್ಮ ಒಳಗಿನಿಂದ ಬಂದು, “ಅಣ್ಣಾ, ಊಟಕ್ಕೆ ಏಳಿ” ಎಂದಷ್ಟೇ ಹೇಳಿ ಮಾತು ನಿಲ್ಲಿಸಿದಳು. ಅವತ್ತು ಅವಳು ಏಳಿಸದಿದ್ದರೆ ಇನ್ನೇನು ಹೇಳಿಬಿಡುತ್ತಿದ್ದೆನೋ! ಎಂಟು ವರ್ಷದ ಮೇಲೆ ಭೂಮಿಯ ಆ ಕಡೆಯಿಂದ ಆ ಮಾತು ನನಗೇ ವಾಪಸ್ ಬಂತು. ಅವನ ದನಿಯಲ್ಲಿ ಸಿಟ್ಟಿರಲಿಲ್ಲ. ಅದಕ್ಕೇ ನನಗೆ ಹೆಚ್ಚು ನಾಚಿಕೆಯಾಯಿತು.

ಮುಂದೇನಾಯಿತು? ಲಿಬರ್ಟಿಯ ಮೇಲೆ ಸೋತ ತಂಡ ಆ ವರ್ಷ ಮತ್ತೆ ಸೋಲಲೇ ಇಲ್ಲ. ಉಳಿದ ಆರೂ ಪಂದ್ಯ ಗೆದ್ದು, ವರ್ಷವನ್ನು 7 ಗೆಲುವು 5 ಸೋಲಿಗೆ ಮುಗಿಸಿತು. ಮೊದಲೇ ಹೇಳಿದ ನಿಯಮದಿಂದಾಗಿ ಬಹುಮಾನದ ಪಂದ್ಯ ಮಾತ್ರ ಸಿಗಲಿಲ್ಲ. 2015ರಲ್ಲಿ 11 ಗೆದ್ದು 2 ಸೋತರು. ಆ ಡಿಸೆಂಬರ್‌ನಲ್ಲಿ ಕೆಮೀಲಿಯಾ ಬೌಲ್ ಎಂಬ ಗೌರವದ ಪಂದ್ಯದಲ್ಲಿ ಒಹಾಯೊ ತಂಡದ ಮೇಲೆ 31–29ರಿಂದ, ಕೊನೆಯ ಗಳಿಗೆಯಲ್ಲಿ ಒದ್ದ ಒಂದು ಒದೆತದಿಂದ ಗೆದ್ದರು. ಅಷ್ಟರಲ್ಲಿ ಹುಡುಗ ಓದು ಮುಗಿಸಿ ಬೇರೆ ಊರಲ್ಲಿ ಕೆಲಸಕ್ಕೆ ಸೇರಿದ್ದ. ಸೋಲಿನ ವರ್ಷಗಳನ್ನೆಲ್ಲ ಕ್ರೀಡಾಂಗಣದಲ್ಲೇ ಕೂತು ನೋಡಿದವನಿಗೆ ಗೆಲುವಿನ ವರ್ಷ ಟಿ.ವಿ.ಯಲ್ಲಿ ಸಿಕ್ಕಿತು. ಅದಕ್ಕೇನೂ ಅವನು ಕೊರಗಲಿಲ್ಲ.

ಅಕ್ಟೋಬರ್‌ನ ತಂಡಕ್ಕೂ ನವೆಂಬರ್‌ನ ತಂಡಕ್ಕೂ ಏನು ವ್ಯತ್ಯಾಸ? ಆಟಗಾರರು ಹೆಚ್ಚುಕಡಿಮೆ ಅವರೇ. ತರಬೇತುದಾರ ಸ್ಕಾಟ್ ಸ್ಯಾಟರ್‌ಫೀಲ್ಡ್ ಅವರನ್ನೂ ಬದಲಿಸಿರಲಿಲ್ಲ. ನಾನು ಓದಿ ತಿಳಿದಷ್ಟರಲ್ಲಿ ಪಂಕ್ತಿ ಬದಲಾದರೆ ಮುಖ್ಯವಾಗಿ ಎದುರಾಗುವುದು ಹಿಂದಿನ ಸಾಲಿನ ಕೊರತೆ. ಆಗಿನ ನಿಯಮದಂತೆ ಕೆಳಗಿನ ಪಂಕ್ತಿಯ ಕಾಲೇಜು 63 ಆಟಗಾರರ ಪೂರ್ತಿ ಖರ್ಚಿಗೆ ಸಮನಾದ ವಿದ್ಯಾರ್ಥಿವೇತನ ಕೊಡಬಹುದಿತ್ತು, ಮೇಲಿನದು 85. ಈ 22ರ ವ್ಯತ್ಯಾಸ ಆಟದ ಮೊದಲ ಭಾಗದಲ್ಲಿ ಕಾಣುವುದಿಲ್ಲ. ಮುಂದಿನ ಸಾಲಿನ ಹುಡುಗರು ಎಲ್ಲರಷ್ಟೇ ಗಟ್ಟಿ. ಅವರಿಗೆ ದಣಿವಾದಾಗ, ಪೆಟ್ಟಾದಾಗ, ಅವರ ಜಾಗಕ್ಕೆ ಬರುವವನು ಎಂಥವನು ಎಂಬುದು ಕೊನೆಯ ಭಾಗದಲ್ಲಿ ಗೊತ್ತಾಗುತ್ತದೆ. ಆ ಸಾಲು ತುಂಬಲು, ಕಲಿಯಲು, ದಿನ ಬೇಕು.

ತಾಯಿ, ನಿಮ್ಮ ಮಗಳಿಗೂ ಮುಂದಿನ ಸಾಲು ಗಟ್ಟಿಯಾಗೇ ಇದೆ. ಬುದ್ಧಿ ಇದೆ, ಶ್ರದ್ಧೆ ಇದೆ. ಇಲ್ಲದಿದ್ದರೆ ಶಾಲೆಗೆ ಮೊದಲು ಬರುತ್ತಿರಲಿಲ್ಲ. ಇಲ್ಲದಿರುವುದು ಹಿಂದಿನ ಸಾಲು. ‘ವೇಗೋತ್ಕರ್ಷ’ ಎಂದು ಕಲಿತವಳಿಗೆ ಮೇಷ್ಟರು ‘ಆಕ್ಸಿಲರೇಷನ್’ ಎಂದಾಗ ಎರಡೂ ಒಂದೇ ಎಂದು ಹೊಳೆಯುವಷ್ಟರಲ್ಲಿ ಮೂರು ವಾಕ್ಯ ಮುಂದೆ ಹೋಗಿರುತ್ತವೆ. ಗೊತ್ತಾಗಲಿಲ್ಲ ಎಂದು ಕೈಯೆತ್ತಲು ಪಟ್ಟಣದ ಮಕ್ಕಳ ಎದುರು ಸಂಕೋಚ. ಶಾಲೆಯಲ್ಲಿ ಅವಳೇ ಬೇರೆಯವರಿಗೆ ಹೇಳಿಕೊಡುತ್ತಿದ್ದಳು, ಹಾಗಾಗಿ ಇನ್ನೊಬ್ಬರನ್ನು ಕೇಳಿ ಅಭ್ಯಾಸವೇ ಇಲ್ಲ. ಮನೆಗೆ ಬರುವಷ್ಟರಲ್ಲಿ ರೈಲಿನಲ್ಲಿ ಅರ್ಧ ಜೀವ ಹೋಗಿರುತ್ತದೆ. 50ಕ್ಕೆ 13 ಬಂದದ್ದು ಈ ಎಲ್ಲದರಿಂದ, ದಡ್ಡತನದಿಂದಲ್ಲ.

ಪಕ್ಕದ ಮನೆಯ ಹುಡುಗನ ಮಾತೆತ್ತಿದೆನಲ್ಲ, ಬೂನ್ ತಂಡಕ್ಕೂ ಅಂಥ ಒಬ್ಬ ನೆರೆಯವನಿದ್ದ. ಜಾರ್ಜಿಯಾ ಸದರ್ನ್ ಎಂಬ ಕಾಲೇಜು. ಇಬ್ಬರೂ ಕೆಳಗಿನ ಪಂಕ್ತಿಯಲ್ಲಿ ಹಳೆಯ ಎದುರಾಳಿಗಳು, 2014ರಲ್ಲಿ ಒಟ್ಟಿಗೇ ಅದೇ ಒಕ್ಕೂಟಕ್ಕೆ ಬಂದವರು. ಜಾರ್ಜಿಯಾ ಸದರ್ನ್ ಮೊದಲ ವರ್ಷವೇ ಒಕ್ಕೂಟದ ಎಂಟಕ್ಕೆ ಎಂಟು ಪಂದ್ಯ ಗೆದ್ದು ಚಾಂಪಿಯನ್ ಆಯಿತು. ಬೂನ್ ತಂಡವನ್ನೂ 34–14ರಿಂದ ಸೋಲಿಸಿತು. ಆ ವರ್ಷ ನಮ್ಮಂಥ ಮಾವಂದಿರು ಯಾರಾದರೂ ಬೂನ್‌ನಲ್ಲಿದ್ದಿದ್ದರೆ, “ಅವರನ್ನು ನೋಡಿ ಕಲಿಯಿರಿ” ಎಂದೇ ಹೇಳುತ್ತಿದ್ದರು. ಮೂರು ವರ್ಷ ಕಳೆಯಿತು. 2017ರಲ್ಲಿ ಜಾರ್ಜಿಯಾ ಸದರ್ನ್ 2 ಗೆದ್ದು 10 ಸೋತಿತು. ಬೂನ್ ತಂಡ 2016ರಿಂದ 2019ರವರೆಗೆ ನಾಲ್ಕು ವರ್ಷವೂ ಒಕ್ಕೂಟದ ಪ್ರಶಸ್ತಿ ಪಡೆಯಿತು, ಮೊದಲೆರಡು ಸಲ ಇನ್ನೊಬ್ಬರೊಡನೆ ಹಂಚಿಕೊಂಡು. ಹಾಗೆಂದು ಜಾರ್ಜಿಯಾ ಸದರ್ನ್‌ನವರು ಕೆಟ್ಟುಹೋದರೇ? ಅದೂ ಇಲ್ಲ, 2018ರಲ್ಲಿ 10 ಪಂದ್ಯ ಗೆದ್ದು ಎದ್ದುನಿಂತರು. ಬೂನ್ ತಂಡಕ್ಕೂ 2024ರಲ್ಲಿ ಗೆಲುವಿಗಿಂತ ಸೋಲೇ ಹೆಚ್ಚಾಯಿತು. ಒಂದು ವರ್ಷದ ಪಟ್ಟಿ ಹಿಡಿದು ಇಬ್ಬರನ್ನು ತೂಗುವವನು ಎರಡು ಕಡೆಯೂ ತಪ್ಪುತ್ತಾನೆ.

ಹಾಗಾದರೆ ಮೇಲೆ ಹೋದವರೆಲ್ಲ ಹಲ್ಲು ಕಚ್ಚಿ ಅಲ್ಲೇ ಇರಬೇಕೇ? ಇಲ್ಲ. ಇದನ್ನೂ ಹೇಳದಿದ್ದರೆ ಕತೆ ಅರ್ಧವಾಗುತ್ತದೆ. ಐಡಹೊ ವಿಶ್ವವಿದ್ಯಾಲಯ 1996ರಲ್ಲಿ ಮೇಲಿನ ಪಂಕ್ತಿಗೆ ಹೋಯಿತು. ಇಪ್ಪತ್ತಕ್ಕೂ ಹೆಚ್ಚು ವರ್ಷ ಏಗಿತು. ಕೊನೆಗೆ 2016ರಲ್ಲಿ ಲೆಕ್ಕ ಹಾಕಿ, ದುಡ್ಡು, ದೂರ, ಎದುರಾಳಿಗಳು ಯಾವುದೂ ತನಗೆ ಹೊಂದುವುದಿಲ್ಲವೆಂದು ತೀರ್ಮಾನಿಸಿ, 2018ರಲ್ಲಿ ತಾನಾಗಿಯೇ ಕೆಳಗಿನ ಪಂಕ್ತಿಗೆ ಮರಳಿತು. ಹಳೆಯ ವಿದ್ಯಾರ್ಥಿಗಳು ಬೇಸರಪಟ್ಟರು, ಮರ್ಯಾದೆ ಹೋಯಿತೆಂದರು. ಅದೇ ತಂಡ 2022, 2023, 2024ರಲ್ಲಿ ಸತತವಾಗಿ ಅಲ್ಲಿನ ರಾಷ್ಟ್ರೀಯ ನಾಕೌಟ್ ಹಂತಕ್ಕೆ ಬಂತು. ಮರಳುವುದು ಸೋಲಲ್ಲ. ಆದರೆ ಗಮನಿಸಿ, ಅವರು ಮರಳಿದ್ದು ಲೆಕ್ಕ ಹಾಕಿ, ಒಂದು ಶನಿವಾರದ ಸೋಲಿಗೆ ಹೆದರಿ ಅಲ್ಲ. ಮೇಲಕ್ಕೆ ಹೋಗುವ ಖರ್ಚೂ ಸಣ್ಣದಲ್ಲ. ಅಲ್ಲಿ ಬರೀ ಅರ್ಜಿಯ ಶುಲ್ಕವನ್ನೇ 2023ರಲ್ಲಿ 5,000 ಡಾಲರಿನಿಂದ 50 ಲಕ್ಷ ಡಾಲರಿಗೆ ಏರಿಸಿದರು. ನಮ್ಮಲ್ಲೂ ಕಾಲೇಜಿನ ಫೀಸು, ಟ್ಯೂಷನ್, ಹಾಸ್ಟೆಲ್ ಎಂದು ಸಾಲ ಮಾಡುವ ತಂದೆತಾಯಿ ಇದ್ದಾರೆ. ದುಡ್ಡಿನ ಲೆಕ್ಕವನ್ನು ಮಕ್ಕಳ ಎದುರು ಕೂತು ಮಾಡಿ, ಮುಚ್ಚಿಡಬೇಡಿ. ಆದರೆ ಅಂಕ ಕಡಿಮೆ ಬಂದ ದಿನ ಅದನ್ನು ಎತ್ತಬೇಡಿ.

ಈಗ ನಿಮ್ಮ ಪ್ರಶ್ನೆ, ತಾಯಿ. ವಾಪಸ್ ಕರೆಸಿಕೊಳ್ಳಲೇ ಎಂದು ಕೇಳಿದ್ದೀರಿ. ಈಗಲೇ ಬೇಡ. ಮೊದಲು ಲೆಕ್ಕದ ಪುಸ್ತಕ ಬದಲಿಸಿ. 13ನ್ನು ಎಸ್ಸೆಸ್ಸೆಲ್ಸಿಯ ಅಂಕದ ಪಕ್ಕದಲ್ಲಿ ಬರೆಯಬೇಡಿ, ಪಕ್ಕದ ಮನೆಯವರ ಅಂಕದ ಪಕ್ಕದಲ್ಲಂತೂ ಬೇಡವೇ ಬೇಡ. ಹೊಸ ಹಾಳೆಯ ಮೇಲೆ ಮೊದಲ ಸಾಲಿನಲ್ಲಿ 13 ಎಂದು ಬರೆಯಿರಿ. ಎರಡನೆಯ ಟೆಸ್ಟಿನ ಅಂಕ ಅದರ ಕೆಳಗೆ. 17 ಬಂದರೂ ಅದು ಮುಂದಕ್ಕೆ ಇಟ್ಟ ಹೆಜ್ಜೆ.

ಹಿಂದಿನ ಸಾಲು ಕಟ್ಟಲು ಅವಳಿಗೆ ನೆರವಾಗಿ. ಭೌತಶಾಸ್ತ್ರದ ಇಂಗ್ಲಿಷ್ ಪದಗಳನ್ನು ಕನ್ನಡದ ಪದಗಳ ಎದುರು ಬರೆದುಕೊಂಡ ಒಂದು ಪುಟ್ಟ ಪುಸ್ತಕ ಚೀಲದಲ್ಲಿರಲಿ, ದಿನಕ್ಕೆ ಹತ್ತು ಪದ, ರೈಲಿನಲ್ಲೇ. ಹಳೆಯ ಶಾಲೆಯ ವಿಜ್ಞಾನದ ಮೇಷ್ಟರನ್ನು ಭಾನುವಾರ ಒಂದು ಗಂಟೆ ಕೇಳಿಕೊಳ್ಳಿ, ಶಾಲು ಹೊದಿಸಿದ ಹುಡುಗಿಗೆ ಅವರು ಇಲ್ಲವೆನ್ನಲಾರರು. ಅದೇ ರೈಲಿನಲ್ಲಿ ಎರಡನೇ ಪಿಯುಸಿಯ ಮಕ್ಕಳಿರುತ್ತಾರೆ, ಅವರಲ್ಲಿ ಒಬ್ಬರ ಪಕ್ಕ ಕೂರಲಿ. ರಾತ್ರಿ ಓದು ಎಂದು ನಿದ್ದೆ ಕೆಡಿಸಬೇಡಿ. ವರ್ಷದ ಕೊನೆಗೆ ಆ ಹಾಳೆಯನ್ನು ಮುಂದಿಟ್ಟುಕೊಂಡು ನೀವು, ಯಜಮಾನರು, ಮಗಳು ಮೂವರೂ ಕೂತು ಮಾತಾಡಿ. ಅಂಕ ಮೇಲೇಳುತ್ತಿದ್ದರೆ ಮುಂದುವರಿಯಲಿ. ಏಳದಿದ್ದರೆ, ಅವಳ ಮನಸ್ಸೂ ಬೇರೆ ಕಡೆ ಇದ್ದರೆ, ಐಡಹೊದವರಂತೆ ಗೌರವವಾಗಿ ದಾರಿ ಬದಲಿಸಿ. ಕಲಾ ವಿಭಾಗವೂ ವಾಣಿಜ್ಯವೂ ಯಾರಿಗೂ ಶಿಕ್ಷೆಯಲ್ಲ.

ವಿದ್ಯಾರ್ಥಿ ಮಿತ್ರರೇ, ನಿಮಗೂ ಒಂದು ಮಾತು. ಮನೆಯಲ್ಲಿ ಅಂಕ ಮುಚ್ಚಿಡಬೇಡಿ. ಸೋತ ಶನಿವಾರವೂ ಸಂದೇಶ ಕಳಿಸುತ್ತಿದ್ದ ಆ ಹುಡುಗನಿಂದ ನಾನು ಕಲಿತದ್ದು ಇದು. ಗೆಲುವು ಸೋಲು ಎರಡೂ ಗೊತ್ತಾಗುತ್ತಿದ್ದರೆ ಹಿಂದೆ ನಿಂತವರು ಹೇಗೋ ನಿಂತಿರುತ್ತಾರೆ.

ಹೋದ ಸಲ ಊರಿಗೆ ಬಂದಾಗ ಅವನನ್ನು ಬಂಗಾರಪೇಟೆಯ ಪಾನಿಪುರಿ ಅಂಗಡಿಗೆ ಕರೆದುಕೊಂಡು ಹೋಗಿದ್ದೆ. ತಿಳಿನೀರಿನ ಆ ಪಾನಿ ನೆತ್ತಿಗೇರಿ ಇಬ್ಬರಿಗೂ ಕಣ್ಣಲ್ಲಿ ನೀರು. ಅದೇ ಸಮಯವೆಂದು, “2006ರಲ್ಲಿ ನಾನು ಹಾಗೆ ಅನ್ನಬಾರದಿತ್ತು ಕಣೋ” ಎಂದೆ.

“ಬಿಡಿ ಮಾವ,” ಎಂದ. “ಅವತ್ತು ಅಮ್ಮ ರಾತ್ರಿ ಬಂದು ಪಕ್ಕದಲ್ಲಿ ಕೂತು, ಮುಂದಿನ ಟೆಸ್ಟು ಯಾವಾಗ ಅಂತ ಕೇಳಿದಳು. ಅಷ್ಟೇ ಕೇಳಿದ್ದು.”

ತಾಯಿ, ಇವತ್ತು ರಾತ್ರಿ ನೀವೂ ಅಷ್ಟೇ ಕೇಳಿ.